ಅಕ್ಕನ ಹಳೆಯ ಕಾರ್ ರೇಸು

ಅಕ್ಕನಿಗೆ ಡಯಾಲಿಸಿಸ್ ಶುರುವಾಗಿ ವರ್ಷ ತುಂಬುವ ಹೊತ್ತಿಗೆ ನಾವು ಮೂವರೂ ದಣಿದಿದ್ದೆವು. ಮೂವರು ಎಂದರೆ ಅಕ್ಕ, ಭಾವ ಮತ್ತು ನಾನು. ಅವರಿಬ್ಬರೂ ಗೌರಿಬಿದನೂರಿನಲ್ಲಿದ್ದಾರೆ. ಭಾವ ವಿದುರಾಶ್ವತ್ಥದ ಕಡೆಯ ಒಂದು ಹೈಸ್ಕೂಲಿನಲ್ಲಿ ವಿಜ್ಞಾನದ ಮೇಷ್ಟ್ರು. ನಾನು ಚಿಕ್ಕಬಳ್ಳಾಪುರದಲ್ಲಿ ಪಿಯು ಹುಡುಗಿಯರಿಗೆ ಗಣಿತ ಹೇಳಿಕೊಡುತ್ತೇನೆ. ಮೊದಲಿನಿಂದ ಅಕ್ಕನನ್ನು ನೋಡುತ್ತಿದ್ದ ಡಾಕ್ಟರು ಇಲ್ಲೇ ಇದ್ದುದರಿಂದ ಡಯಾಲಿಸಿಸ್ ಕೂಡ ಇಲ್ಲೇ ಆಗಲಿ ಎಂದು ತೀರ್ಮಾನವಾಗಿತ್ತು. ದಿನ ಬಿಟ್ಟು ದಿನ ಭಾವ ಅವಳನ್ನು ಬೆಳಗಿನ ಬಸ್ಸಿನಲ್ಲಿ ಮಂಚೇನಹಳ್ಳಿ ಮೇಲೆ ಕರೆತಂದು, ವಾರ್ಡಿನಲ್ಲಿ ಮಲಗಿಸಿ, ಮುಂದಿನ ಬಸ್ಸು ಹಿಡಿದು ಶಾಲೆಗೆ ಓಡುತ್ತಿದ್ದರು. ನಾನು ಮೊದಲ ತರಗತಿ ಮುಗಿಸಿ ಬಂದು ಅವಳ ಪಕ್ಕ ಕೂರುತ್ತಿದ್ದೆ. ಅಷ್ಟು ಹೊತ್ತಿಗೆ ಅವಳ ಎಡಗೈಗೆ ದಪ್ಪ ಸೂಜಿಗಳನ್ನು ಚುಚ್ಚಿ, ಟ್ಯೂಬು ಅಂಟಿಸಿ, ಕೈಯನ್ನು ದಿಂಬಿನ ಮೇಲೆ ಚಾಚಿ ಇಟ್ಟಿರುತ್ತಿದ್ದರು. ಆ ಕೈ ಅಲ್ಲಾಡುವಂತಿಲ್ಲ. ರಕ್ತ ಒಂದು ಕಡೆಯಿಂದ ಹೋಗಿ ಇನ್ನೊಂದು ಕಡೆಯಿಂದ ಬರುತ್ತಾ ಇರುತ್ತಿತ್ತು. ನಾವು ಅದನ್ನು ನೋಡುವುದನ್ನು ಎಂದೋ ಬಿಟ್ಟಿದ್ದೆವು.

ಈ ದಣಿವು ಮಲಗಿ ಎದ್ದರೆ ಹೋಗುವಂಥದ್ದಲ್ಲ. ಮೊದಮೊದಲು ಅಳು, ಹರಕೆ, ನೆಂಟರ ಫೋನು ಎಲ್ಲ ಇತ್ತು. ಆಮೇಲೆ ಅವೂ ನಿಂತು, ಬರೀ ಬಸ್ಸು, ಮಂಚ, ಯಂತ್ರದ ಕುಂಯ್ ಕುಂಯ್ ಸದ್ದು ಉಳಿದವು. ಅಕ್ಕನಿಗೆ ನೀರು ಅಳೆದು ಕುಡಿಯಬೇಕು. ಬಾಯಾರಿಕೆ ಮರೆಯಲು ಏನಾದರೂ ಬೇಕು. ಪುಸ್ತಕ ಹಿಡಿಯೋಣವೆಂದರೆ ಒಂದೇ ಕೈಯಲ್ಲಿ ಹಾಳೆ ತಿರುವುವುದು ಕಷ್ಟ. ಫೋನಿನಲ್ಲಿ ಸಿನಿಮಾ ಹಾಕಿಕೊಟ್ಟರೆ ಸ್ವಲ್ಪ ಹೊತ್ತಿಗೆ ಕಣ್ಣು ಮುಚ್ಚುತ್ತಿದ್ದಳು, ನಿದ್ದೆಯಿಂದಲ್ಲ, ಬೇಸರದಿಂದ.

"ಏನಾದ್ರೂ ಓದಿ ಹೇಳ್ಲಾ?" ಎಂದು ಕೇಳಿದೆ ಒಂದು ದಿನ.

"ಬೇಡ."

"ಹಾಡು ಹಾಕ್ಲಾ?"

"ಏನೂ ಬೇಡ ಕಣೇ. ಎಲ್ಲಾ ನೋಡೋದು, ಕೇಳೋದು ಆಯ್ತು. ನಾನೇ ಏನಾದ್ರೂ ಮಾಡೋ ಹಂಗಿರ್ಬೇಕು." ನನ್ನ ಕಡೆ ಮುಖ ತಿರುಗಿಸಿ ಮತ್ತೆ ಹೇಳಿದಳು. "ಚಿಂತಾಮಣೀಲಿ ನಮ್ಮನೇಲಿ ಕಾರ್ ರೇಸ್ ಇತ್ತಲ್ಲ, ಅದಿದ್ದಿದ್ರೆ ಹೊತ್ತು ಹೋಗ್ತಿತ್ತು."

ನನಗೆ ನಗು ಬಂತು. ಅದನ್ನು ಅವಳು ಇನ್ನೂ ನೆನಪಿಟ್ಟುಕೊಂಡಿದ್ದಾಳೆಂದು ನಾನು ಅಂದುಕೊಂಡಿರಲಿಲ್ಲ.

ನಾವು ಚಿಕ್ಕವರಿದ್ದಾಗ ಬೆಂಗಳೂರಿನಲ್ಲಿದ್ದ ಚಿಕ್ಕಪ್ಪ ಯಾರೋ ಬಳಸಿ ಬಿಟ್ಟ ಒಂದು ವಿಡಿಯೋ ಗೇಮ್ ಪೆಟ್ಟಿಗೆ ತಂದುಕೊಟ್ಟಿದ್ದರು. ಬೂದು ಬಣ್ಣದ್ದು, ಟೀವಿಗೆ ಸಿಕ್ಕಿಸಿ ಸಿಡಿ ಹಾಕಿ ಆಡುವಂಥದ್ದು. ಒಳಗಿನ ಲೆನ್ಸ್ ಸವೆದಿತ್ತು. ನೆಟ್ಟಗೆ ಇಟ್ಟರೆ ಸಿಡಿ ಓದುತ್ತಿರಲಿಲ್ಲ, ತಲೆಕೆಳಗು ಮಾಡಿ ಇಟ್ಟರೆ ಓದುತ್ತಿತ್ತು. ಹಾಗೆ ಬೋರಲು ಬಿದ್ದ ಪೆಟ್ಟಿಗೆಯ ಮುಂದೆ ನಾವಿಬ್ಬರು ಚಾಪೆ ಹಾಕಿ ಕೂರುತ್ತಿದ್ದೆವು. ಟೀವಿಯ ಪರದೆ ಅಡ್ಡಕ್ಕೆ ಎರಡು ಭಾಗವಾಗುತ್ತಿತ್ತು, ಮೇಲಿನದು ಅವಳದು, ಕೆಳಗಿನದು ನನ್ನದು. ಅವಳದು ಯಾವಾಗಲೂ ಹಳದಿ ಕಾರು. ಬೆಟ್ಟದ ತಿರುವುಗಳಲ್ಲಿ ಅವಳು ಬ್ರೇಕು ಒತ್ತುತ್ತಲೇ ಇರಲಿಲ್ಲ. ನಾನು ಒತ್ತಿ ಒತ್ತಿ ಹಿಂದೆ ಬೀಳುತ್ತಿದ್ದೆ. ಪಕ್ಕದ ಮನೆಯ ತೆಲುಗು ಅತ್ತೆ ಬಾಗಿಲಲ್ಲಿ ನಿಂತು, "ಆಡಪಿಲ್ಲಲಕಿ ಈ ಕಾರ್ಲು ಎಂದುಕಮ್ಮಾ?" ಎಂದು ಅಮ್ಮನನ್ನು ಕೇಳುತ್ತಿದ್ದರು. ಹೆಣ್ಣುಮಕ್ಕಳಿಗೆ ಕಾರು ಯಾಕೆ ಎನ್ನುವುದು ಅವರ ಚಿಂತೆ. ಅಕ್ಕ ಪರದೆಯಿಂದ ಕಣ್ಣು ತೆಗೆಯದೆ, "ಬನ್ನಿ ಅತ್ತೆ, ನೀವೂ ಒಂದು ಓಡ್ಸಿ" ಅನ್ನುತ್ತಿದ್ದಳು. ಒಂದು ಸಲ ಅವರು ನಿಜವಾಗಿಯೂ ಬಂದು ಕೂತು, ಕಾರನ್ನು ಹಿಂದು ಮುಂದಾಗಿ ಓಡಿಸಿ, ಬೆವರು ಒರೆಸಿಕೊಂಡು ಎದ್ದು ಹೋದರು.

ಆಮೇಲೆ ಆ ಕಂಪನಿ ಅಂಥ ಪೆಟ್ಟಿಗೆ ಮಾಡುವುದನ್ನೇ ನಿಲ್ಲಿಸಿತು. ನಮ್ಮದು ತಲೆಕೆಳಗಾಗಿ ಇಟ್ಟರೂ ಓದದಂತಾಯಿತು. ಚಿಂತಾಮಣಿಯ ಮನೆ ಖಾಲಿ ಮಾಡುವಾಗ ಹಳೇ ಪಾತ್ರೆಗಳ ಜೊತೆ ಅದೂ ಗುಜರಿಗೆ ಹೋಯಿತು.

ಅಕ್ಕ ಅದನ್ನೆಲ್ಲ ನೆನೆಸಿಕೊಂಡ ಆ ಸಂಜೆ ಭಾವ ಅವಳನ್ನು ಕರೆದೊಯ್ಯಲು ಬಂದು ಮಂಚದ ಹಿಂದೆ ನಿಂತಿದ್ದರು. ನಮ್ಮ ಮಾತು ಕೇಳಿಸಿಕೊಂಡರೋ ಇಲ್ಲವೋ ಗೊತ್ತಾಗಲಿಲ್ಲ. ಅವರು ಮಾತು ಕಮ್ಮಿ. ಚಪ್ಪಲಿ ಹುಡುಕಿ ಅಕ್ಕನ ಕಾಲಿಗೆ ಹಾಕಿ, ಬ್ಯಾಗು ಹೆಗಲಿಗೇರಿಸಿ ಹೊರಟರು.

ಮುಂದಿನ ಭಾನುವಾರ ಮಧ್ಯಾಹ್ನ ಅವರ ಫೋನು ಬಂತು. ದನಿ ತಗ್ಗಿತ್ತು.

"ನೋಡಮ್ಮ, ಒಂದು ವಿಷ್ಯ. ನಿಮ್ಮಕ್ಕ ಮಲಗಿದಾಳೆ. ಅವಳಿಗೆ ಗೊತ್ತಾಗೋದು ಬೇಡ. ನನ್ನ ಲ್ಯಾಪ್‌ಟಾಪು ಏನೋ ಆಗ್ಬಿಟ್ಟಿದೆ."

ಏನಾಯಿತೆಂದು ಬಿಡಿಸಿ ಬಿಡಿಸಿ ಕೇಳಿದೆ. ಹಳೆಯ ಪೆಟ್ಟಿಗೆಯ ಆಟಗಳನ್ನು ಕಂಪ್ಯೂಟರಿನಲ್ಲಿ ಆಡಬಹುದು ಎಂದು ಅವರು ಎಲ್ಲೋ ಓದಿದ್ದರು. ಅದಕ್ಕೆ ಎಮ್ಯುಲೇಟರ್ ಎಂಬ ತಂತ್ರಾಂಶ ಬೇಕು. ಅದು ಕಂಪ್ಯೂಟರಿನೊಳಗೆ ಕೂತು, ತಾನೇ ಆ ಹಳೆಯ ಪೆಟ್ಟಿಗೆ ಎನ್ನುವಂತೆ ನಡೆದುಕೊಳ್ಳುತ್ತದೆ. ಜೊತೆಗೆ ಆಟದ ಸಿಡಿಯ ನಕಲು ಬೇಕು. ಭಾವನಿಗೆ ಆಟದ ಹೆಸರೂ ಗೊತ್ತಿರಲಿಲ್ಲ. ಹಳೇ ಕಾರ್ ರೇಸ್ ಎಂದು ಹುಡುಕಿದ್ದಾರೆ. ಸಿಕ್ಕಿದ ಪುಟದ ತುಂಬ ಡೌನ್‌ಲೋಡ್ ಎಂದು ಬರೆದ ಹಸಿರು ಗುಂಡಿಗಳು. ಎಲ್ಲಕ್ಕಿಂತ ದೊಡ್ಡದನ್ನು ಒತ್ತಿದ್ದಾರೆ.

"ಆಂಟಿವೈರಸ್ ಏನೂ ಹೇಳಲಿಲ್ವಾ ಭಾವ?"

"ಹೇಳ್ತು. ಆದ್ರೆ ಆ ಪುಟದಲ್ಲೇ ಬರ್ದಿತ್ತು, ಹಳೇ ಗೇಮ್ ಅಲ್ವಾ, ಆಂಟಿವೈರಸ್ಸು ತಪ್ಪು ತಿಳ್ಕೊಳುತ್ತೆ, ಆಫ್ ಮಾಡಿ ತೆಗೀರಿ ಅಂತ. ಆಫ್ ಮಾಡ್ದೆ."

"ಆಮೇಲೆ?"

"ಕಪ್ಪು ಕಿಟಕಿ ಒಂದು ಬಂದು ಹೋಯ್ತು. ಗೇಮ್ ಬರ್ಲಿಲ್ಲ. ಸರಿಯಾಗಿ ಇಳೀಲಿಲ್ವೇನೋ ಅಂತ ಇನ್ನೊಂದು ಸಲ ಮಾಡ್ದೆ."

ಸ್ವಲ್ಪ ಹೊತ್ತಿನ ಮೇಲೆ ನೋಡಿದರೆ ಯಾವ ಫೈಲೂ ತೆರೆಯುತ್ತಿಲ್ಲ. ಎಲ್ಲದರ ಹೆಸರಿನ ಕೊನೆಗೆ ಅರ್ಥವಿಲ್ಲದ ಅಕ್ಷರಗಳು ಸೇರಿಕೊಂಡಿವೆ. ನಿಮ್ಮ ಫೈಲುಗಳಿಗೆ ಬೀಗ ಹಾಕಿದ್ದೇವೆ, ಹಣ ಕೊಟ್ಟರೆ ತೆಗೆಯುತ್ತೇವೆ ಎಂದು ಪರದೆಯ ಮೇಲೆ ಇಂಗ್ಲಿಷಿನ ಬರಹವೊಂದು ನಿಂತಿದೆ.

ಇಂಟರ್ನೆಟ್ಟು ಕಿತ್ತುಹಾಕಿ, ಹಣ ಕೊಡಬೇಡಿ, ಫೋನಿನಿಂದಲೇ ಬ್ಯಾಂಕಿನ ಮತ್ತು ಇಮೇಲಿನ ಪಾಸ್‌ವರ್ಡ್ ಬದಲಾಯಿಸಿ ಎಂದೆ. ಬ್ಯಾಂಕಿನದು ಹೇಗೋ ಉಳಿಯಿತು. ಇಮೇಲ್ ಅಷ್ಟರಲ್ಲೇ ಕೈತಪ್ಪಿತ್ತು. ಅವರ ಹೆಸರಿನಲ್ಲಿ ಸಹೋದ್ಯೋಗಿಗಳಿಗೂ ಕೆಲವು ಮಕ್ಕಳ ತಂದೆತಾಯಿಗಳಿಗೂ ಏನೋ ಲಿಂಕುಗಳು ಹೋಗಿದ್ದವು. ಯಾರಿಗೂ ಸುಮ್ಮನೆ ಫೋನು ಮಾಡುವ ಜಾಯಮಾನದವರಲ್ಲ ನಮ್ಮ ಭಾವ. ಆ ಸಂಜೆ ಮನೆಯ ಮೆಟ್ಟಿಲ ಮೇಲೆ ಕೂತು ಒಬ್ಬೊಬ್ಬರಿಗೂ ಮಾಡಿ, "ನಾನು ಕಳ್ಸಿದ್ದಲ್ಲ, ದಯವಿಟ್ಟು ಮುಟ್ಬೇಡಿ" ಎಂದು ಹೇಳಿದರಂತೆ. ಯಾಕೆ ಹೀಗಾಯಿತು ಎಂದು ಕೇಳಿದವರಿಗೆ ಏನು ಹೇಳಿದರೋ ಗೊತ್ತಿಲ್ಲ. ಹೆಂಡತಿಗೆ ವಿಡಿಯೋ ಗೇಮ್ ಹುಡುಕುತ್ತಿದ್ದೆ ಎಂದಂತೂ ಹೇಳಿರಲಾರರು.

ಪೊಲೀಸರಿಗೆ ದೂರು ಕೊಟ್ಟೆವು. ಅವರು ಬರೆದುಕೊಂಡು, ಬೀಗ ತೆಗೆಯುವ ಭರವಸೆ ಮಾತ್ರ ಇಟ್ಟುಕೊಳ್ಳಬೇಡಿ ಎಂದು ಇದ್ದುದನ್ನು ಇದ್ದ ಹಾಗೆ ಹೇಳಿದರು. ನನ್ನ ಕಾಲೇಜಿನ ಕಂಪ್ಯೂಟರ್ ಲ್ಯಾಬಿನವರು ನೋಡಿ ತಲೆಯಾಡಿಸಿದರು. ಶಾಲೆಯ ಕಾಗದಪತ್ರಗಳಿಗೆ ಬೇರೆ ಕಡೆ ಪ್ರತಿಗಳಿದ್ದವು. ಇಲ್ಲದಿದ್ದದ್ದು ಫೋಟೋಗಳಿಗೆ. ಅಕ್ಕನಿಗೆ ಕಾಯಿಲೆ ಬರುವ ಮುಂಚಿನ ವರ್ಷಗಳ ಫೋಟೋಗಳೆಲ್ಲ ಅದರಲ್ಲಿದ್ದವು. ಮುಖ ಊದಿಕೊಂಡ ಮೇಲೆ ಅವಳು ಫೋಟೋ ತೆಗೆಸಿಕೊಳ್ಳುವುದನ್ನೇ ಬಿಟ್ಟಿದ್ದಳು. ಹಾಗಾಗಿ ಅವಳ ಮೊದಲಿನ ಮುಖ ಇದ್ದದ್ದು ಅಲ್ಲಿಯೇ. ಭಾವ ಇದನ್ನು ಹೇಳುವಾಗ, "ಅವೆಲ್ಲಾ ಹೋದ್ವಮ್ಮ" ಎಂದಷ್ಟೇ ಹೇಳಿ, ಕನ್ನಡಕ ತೆಗೆದು ಅಂಗಿಯ ತುದಿಯಲ್ಲಿ ಒರೆಸುತ್ತಾ ನಿಂತರು.

ಅಕ್ಕನಿಂದ ಮುಚ್ಚಿಡುವುದು ಆಗಲಿಲ್ಲ. ಭಾವನ ಸಹೋದ್ಯೋಗಿಯೊಬ್ಬರ ಹೆಂಡತಿ ಯೋಗಕ್ಷೇಮ ವಿಚಾರಿಸಲು ಫೋನು ಮಾಡಿದವರು, ನಿಮ್ಮ ಯಜಮಾನರ ಲ್ಯಾಪ್‌ಟಾಪು ಸರಿ ಹೋಯಿತಾ ಎಂದು ಕೇಳಿಬಿಟ್ಟರು. ಮಾರನೆಯ ದಿನ ವಾರ್ಡಿನಲ್ಲಿ, ಭಾವ ಇನ್ನೂ ಹೊರಟಿರಲಿಲ್ಲ, ನಾನು ಆಗತಾನೇ ಬಂದಿದ್ದೆ.

"ಏನ್ ನಡೀತಿದೆ ನನ್ ಬೆನ್ನ ಹಿಂದೆ?" ಎಂದಳು ಅಕ್ಕ. ನಾವಿಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. "ಲ್ಯಾಪ್‌ಟಾಪಲ್ಲಿ ಏನ್ ಹುಡುಕಕ್ಕೆ ಹೋಗಿದ್ರಿ?"

ಭಾವ ಟ್ಯೂಬುಗಳ ಕಡೆ ನೋಡುತ್ತಾ ಹೇಳಿದರು. "ಅದೇ. ಕಾರಿನ ಆಟ."

"ಯಾವ ಕಾರಿನ ಆಟ?"

"ನೀನು ಹೇಳಿದ್ಯಲ್ಲ ಅವತ್ತು. ಚಿಂತಾಮಣಿದು."

ಅಕ್ಕ ಬೈಯುತ್ತಾಳೆ ಎಂದುಕೊಂಡೆ. ಅವಳು ಬಲಗೈಯಿಂದ ಹೊದಿಕೆಯನ್ನು ಮುಖದವರೆಗೆ ಎಳೆದುಕೊಂಡಳು. ಹೊದಿಕೆ ಅಲ್ಲಾಡುತ್ತಿತ್ತು. ಅಳುತ್ತಿದ್ದಾಳೋ ನಗುತ್ತಿದ್ದಾಳೋ ನಮಗೆ ತಿಳಿಯಲಿಲ್ಲ, ಎರಡೂ ಇತ್ತೇನೋ. ಹೊದಿಕೆಯ ಒಳಗಿಂದಲೇ ಕೇಳಿದಳು.

"ಏನೇನ್ ಹೋಯ್ತು?"

"ಫೋಟೋಗಳು" ಎಂದರು ಭಾವ.

"ಎಲ್ಲಾ?"

"ಎಲ್ಲಾ."

ಅವಳು ಹೊದಿಕೆ ಇಳಿಸಿದಳು. ಕಣ್ಣು ಒದ್ದೆಯಾಗಿತ್ತು. "ಪೋನೀಲೆಂಡಿ" ಎಂದಳು. ಮನಸ್ಸಿಗೆ ತುಂಬ ಹತ್ತಿರದ ಮಾತಾದರೆ ಅವಳಿಗೆ ಚಿಂತಾಮಣಿಯ ತೆಲುಗೇ ಬರುತ್ತದೆ. ಹೋಗಲಿ ಬಿಡಿ ಎಂದು ಅದರರ್ಥ. "ಬಸ್ಸಿಗೆ ಹೊತ್ತಾಯ್ತು, ಹೊರಡಿ. ಮಕ್ಕಳು ಕಾಯ್ತಿರ್ತಾರೆ."

ನಿಜ ಹೇಳಬೇಕೆಂದರೆ ಆ ಆಟದ ಹೆಸರು ಕೇಳಿದರೆ ಸಾಕು, ಮೈಯೆಲ್ಲ ಸೋಲುತ್ತಿತ್ತು. ಆಗಲೇ ಬೇಕಾದಷ್ಟು ಇದೆಯಲ್ಲ, ಇದೊಂದು ಯಾಕೆ ಬಂದು ಸೇರಿಕೊಂಡಿತು ಅನ್ನಿಸುತ್ತಿತ್ತು. ಆದರೆ ಭಾವ ಅಷ್ಟು ಕಳೆದುಕೊಂಡು ಬರಿಗೈಯಲ್ಲಿ ನಿಂತದ್ದು ಕಣ್ಣ ಮುಂದಿನಿಂದ ಹೋಗಲಿಲ್ಲ. ಅವರು ಹುಡುಕಲು ಹೊರಟ ವಸ್ತು ಕೊನೆಗೂ ಸಿಗಲೇ ಇಲ್ಲ ಎಂದಾಗುವುದು ಬೇಡ ಅನ್ನಿಸಿತು.

ಈ ಸಲ ಅವಸರ ಮಾಡದೆ ಓದಿದೆ. ಎಮ್ಯುಲೇಟರನ್ನು ಅದನ್ನು ಬರೆದವರ ಸ್ವಂತ ಪುಟದಿಂದಲೇ ತೆಗೆದುಕೊಂಡರೆ ತೊಂದರೆಯಿಲ್ಲ, ಅದು ಉಚಿತವಾಗಿ ಸಿಗುತ್ತದೆ ಎಂದು ತಿಳಿಯಿತು. ಗೋಜಲಿರುವುದು ಆಟದ ನಕಲಿನಲ್ಲಿ. ಸಿಡಿಯ ನಕಲು ಎಂದು ಇಳಿಸಿಕೊಂಡದ್ದು ಎಮ್ಯುಲೇಟರಿನ ನೆರವಿಲ್ಲದೆ ತಾನೇ ತಾನಾಗಿ ಓಡುವ ಫೈಲಾಗಿದ್ದರೆ ಅದು ಆಟವೇ ಅಲ್ಲ. ಭಾವನ ಕೈಗೆ ಸಿಕ್ಕಿದ್ದು ಅಂಥದ್ದೇ. ಫೈಲು ಸರಿಯಿದ್ದರೂ ಇನ್ನೊಂದು ಮಾತಿದೆ. ಕಂಪನಿ ಪೆಟ್ಟಿಗೆ ಮಾಡುವುದನ್ನು ನಿಲ್ಲಿಸಿದ ಮಾತ್ರಕ್ಕೆ ಆಟದ ಮೇಲಿನ ಹಕ್ಕನ್ನು ಬಿಟ್ಟುಕೊಟ್ಟಂತಲ್ಲ. ಅಕ್ಕನಿಗೆ ಇದನ್ನು ಹೇಳಿದೆ.

"ಅವ್ರು ಮಾರ್ತಾನೇ ಇಲ್ಲ, ನಾವು ಎಲ್ಲಿಂದ ಕೊಳ್ಳಣ?" ಎಂದಳು.

"ಮಾರದೆ ಇದ್ರೂ ಅದು ಅವರದೇ ಕಣೇ ಅಕ್ಕ."

"ಅವತ್ತು ನಮ್ಮ ಸಿಡಿ ಮೇಲೆ ಯಾರೋ ಮಾರ್ಕರಲ್ಲಿ ಹೆಸರು ಬರ್ದಿದ್ರು. ಅದೂ ಕಳ್ಳ ಸಿಡೀನೇ ಅಲ್ವಾ?"

ಬೆಂಗಳೂರಿನ ಫುಟ್‌ಪಾತಿನ ಸಿಡಿಗಳ ಮೇಲೆ ನಮ್ಮ ಬಾಲ್ಯ ಓಡಿದ್ದು ನಿಜ. ಆದರೂ ಈಗ ಒಂದು ಅಸಲಿ ಸಿಡಿ ಸಿಕ್ಕರೆ, ಅದರಿಂದಲೇ ನಮ್ಮ ಪಾಡಿಗೆ ಒಂದು ಪ್ರತಿ ಮಾಡಿಕೊಳ್ಳಬಹುದಲ್ಲ ಎಂದು ಯೋಚಿಸಿದೆ. ಅದೂ ಪೂರ್ತಿ ಸರಿಯೋ ಅಲ್ಲವೋ ಎಂಬುದರಲ್ಲಿ ಓದಿದವರಲ್ಲೇ ಒಮ್ಮತವಿರಲಿಲ್ಲ. ವೈರಸ್ಸಿನ ಭಯ ಮಾತ್ರ ಇರುವುದಿಲ್ಲ. ಅಷ್ಟು ಸಾಕು ಎನ್ನುವಷ್ಟು ಹೆದರಿದ್ದೆ.

ಆಗ ನೆನಪಾದವಳು ಡಿಗ್ರಿಯಲ್ಲಿ ನನ್ನ ಪಕ್ಕ ಕೂರುತ್ತಿದ್ದ ಗೆಳತಿ. ಅವಳದು ಶಿಡ್ಲಘಟ್ಟ. ಮನೆಯಲ್ಲಿ ರೇಷ್ಮೆ ರೀಲಿಂಗು. ಅವಳ ಅಣ್ಣ ಸೌದಿಯಿಂದ ಅದೇ ಪೆಟ್ಟಿಗೆ ತಂದಿದ್ದ, ಆಡುವ ವಿಧಾನದ ಪುಸ್ತಕದ ಸಮೇತ ಅಸಲಿ ಸಿಡಿಗಳಿದ್ದವು ಎಂದು ಆಗ ಜಂಬ ಕೊಚ್ಚಿಕೊಳ್ಳುತ್ತಿದ್ದಳು. ಫೋನು ಮಾಡಿದೆ. ವರ್ಷಗಟ್ಟಲೆ ಮಾತಾಡದವಳು ಕಾರ್ ರೇಸಿನ ಸಿಡಿ ಕೇಳಿದ್ದಕ್ಕೆ ಮೊದಲು ನಕ್ಕಳು. ವಿಷಯ ಹೇಳಿದ ಮೇಲೆ, "ಬಾರೇ, ಹುಡುಕಣ" ಎಂದಳು.

ಶನಿವಾರ ಕಾಲೇಜು ಮುಗಿಸಿ ಬಸ್ಸು ಹತ್ತಿದೆ. ಶಿಡ್ಲಘಟ್ಟದಲ್ಲಿ ಇಳಿಯುತ್ತಲೇ ಬೇಯಿಸಿದ ರೇಷ್ಮೆಗೂಡಿನ ವಾಸನೆ. ಅವಳ ಮನೆಯ ಹಿಂದೆ ನೂಲು ತೆಗೆಯುವ ಚಕ್ರಗಳು ತಿರುಗುತ್ತಿದ್ದವು. ಅವಳ ತಾಯಿ ಒಳಗಿನಿಂದ ಉರ್ದುವಿನಲ್ಲಿ ಯಾರು ಬಂದದ್ದು ಎಂದು ಕೇಳಿ, ನನ್ನ ಮುಖ ನೋಡಿದ ಮೇಲೆ ಕನ್ನಡಕ್ಕೆ ಬಂದು, "ಎಷ್ಟು ಸೊರಗೋಗಿದೀಯಮ್ಮ" ಎಂದರು. ಎಲ್ಲರೂ ಅಕ್ಕನ ಆರೋಗ್ಯ ಕೇಳುವವರೇ. ನನ್ನನ್ನು ಹಾಗೆ ಯಾರೂ ನೋಡಿ ಎಷ್ಟೋ ದಿನವಾಗಿತ್ತು. ಅವರು ಕೈಗಿತ್ತ ಚಹಾ ಬಿಸಿ ಎಂದು ನೆಪ ಹೇಳಿ ತಲೆ ಬಗ್ಗಿಸಿದೆ.

ಅಟ್ಟದ ಮೇಲೆ ಮದುವೆ ಪಾತ್ರೆಗಳ ಹಿಂದೆ ಆ ಡಬ್ಬ ಸಿಕ್ಕಿತು. ಪೆಟ್ಟಿಗೆಯ ವೈರುಗಳನ್ನು ಇಲಿ ಕಡಿದಿತ್ತು. ಸಿಡಿಗಳು ಮಾತ್ರ ಗಾಜಿನ ಹಾಗೆ ಹೊಳೆಯುತ್ತಿದ್ದವು. ಅವುಗಳಲ್ಲಿ ನಮ್ಮ ಕಾರ್ ರೇಸೂ ಇತ್ತು. ಅದರ ಅಸಲಿ ಕವರನ್ನು ನಾನು ನೋಡಿದ್ದು ಅವತ್ತೇ ಮೊದಲು.

"ವಾಪಸ್ ತಂದ್ಕೊಡ್ತೀನಿ" ಎಂದೆ.

"ಬೇಡ. ಅಣ್ಣನ್ನ ಕೇಳ್ದೆ. ಕೊಟ್ಬಿಡು, ಅವರದೇ ಆಗ್ಲಿ ಅಂದ" ಎಂದಳು ಗೆಳತಿ.

ಕಾಲೇಜಿನ ಲ್ಯಾಬಿನವರಿಂದ ಸಿಡಿ ಡ್ರೈವ್ ಎರವಲು ಪಡೆದು ಪ್ರತಿ ಮಾಡಿಕೊಂಡೆ. ಅದಕ್ಕಾಗಿ, ನನ್ನ ಫೈಲು, ಫೋಟೋ ಏನೂ ಇಲ್ಲದ ಒಂದು ಹಳೆಯ ಲ್ಯಾಪ್‌ಟಾಪನ್ನು ಬೇರೆಯಾಗಿ ಇಟ್ಟೆ. ಇಂಟರ್ನೆಟ್ಟು ಕೊಡಲಿಲ್ಲ. ಮೊದಲ ಸಲ ಶಬ್ದ ಬಂತು, ಚಿತ್ರ ಬರಲಿಲ್ಲ. ಎರಡನೆಯ ಸಲ ಚಿತ್ರ ಬಂತು, ಕಾರುಗಳು ಗಾಳಿಯಲ್ಲಿ ತೇಲಿದವು. ಉತ್ತರಪತ್ರಿಕೆಗಳ ಕಟ್ಟು ಪಕ್ಕದಲ್ಲೇ ಬಿದ್ದಿತ್ತು. ಇದನ್ನು ಬಿಟ್ಟು ಎದ್ದುಹೋಗೋಣ ಎಂದು ಎಷ್ಟು ಸಲ ಅನ್ನಿಸಿತೋ. ಕೊನೆಗೆ ಏನೋ ಒಂದು ಸೆಟ್ಟಿಂಗು ಬದಲಿಸಿದಾಗ ಕಾರುಗಳು ನೆಲಕ್ಕಿಳಿದವು.

ಆಮೇಲೆ ಹೊಳೆದದ್ದು ಕೈಯ ವಿಷಯ. ಆ ಪೆಟ್ಟಿಗೆಯ ರಿಮೋಟನ್ನು ಎರಡು ಕೈಯಲ್ಲಿ ಹಿಡಿಯಬೇಕಿತ್ತು. ಅಕ್ಕನಿಗೆ ಇರುವುದು ಒಂದು. ಎಮ್ಯುಲೇಟರಿನಲ್ಲಿ ಯಾವ ಕೆಲಸಕ್ಕೆ ಯಾವ ಕೀಲಿ ಎಂದು ನಾವೇ ಗೊತ್ತುಮಾಡಬಹುದು. ಅಂಕಿಗಳಷ್ಟೇ ಇರುವ ಸಣ್ಣ ಕೀಬೋರ್ಡೊಂದನ್ನು ಸಿಕ್ಕಿಸಿ, ಎಡ, ಬಲ, ವೇಗ, ಬ್ರೇಕು ನಾಲ್ಕನ್ನೂ ಬಲಗೈಯ ಬೆರಳಿಗೆ ಸಿಗುವಂತೆ ಮಾಡಿದೆ. ಹಳೆಯ ಪೆಟ್ಟಿಗೆಯೇ ಉಳಿದಿದ್ದರೂ ಇದು ಆಗುತ್ತಿರಲಿಲ್ಲ.

ವಾರ್ಡಿನ ಸಿಸ್ಟರು ಮೊದಲು ಒಪ್ಪಲಿಲ್ಲ. "ಎಡಗೈ ಒಂಚೂರೂ ಅಲ್ಲಾಡ್ಬಾರ್ದು. ಅಲ್ಲಾಡಿದ್ರೆ ಅವತ್ತಿಗೆ ಗೇಮ್ ಬಂದ್" ಎಂಬ ಷರತ್ತಿನ ಮೇಲೆ ಬಿಟ್ಟರು. ಊಟದ ಮೇಜನ್ನು ಮಂಚಕ್ಕೆ ಅಡ್ಡ ತಂದು ಲ್ಯಾಪ್‌ಟಾಪ್ ಇಟ್ಟೆ. ಭಾವ ಅವತ್ತು ರಜೆ ಹಾಕಿದ್ದರು. ಅಕ್ಕ ಹಳದಿ ಕಾರನ್ನು ಆರಿಸಿದಳು. ಮೊದಲ ತಿರುವಿನಲ್ಲೇ ಗುಡ್ಡಕ್ಕೆ ಗುದ್ದಿದಳು.

"ಇದು ಇಷ್ಟು ಕೆಟ್ಟದಾಗಿತ್ತೇನೇ ನೋಡಕ್ಕೆ? ಮರ ಎಲ್ಲಾ ರಟ್ಟಿನ ಥರ ಇದೆ" ಎಂದಳು.

"ಟೀವೀಲಿ ಚೆನ್ನಾಗಿ ಕಾಣ್ತಿತ್ತು."

"ನಮ್ಮ ಕಣ್ಣು ಚೆನ್ನಾಗಿತ್ತು, ಬಿಡು."

ಸ್ವಲ್ಪ ಹೊತ್ತಿನಲ್ಲಿ ಬೆರಳು ದಾರಿ ಹಿಡಿಯಿತು. ಕಾರು ಬೆಟ್ಟ ಹತ್ತಿತು. ಮುಂದಿದ್ದ ಕಾರನ್ನು ದಾಟುವ ಹೊತ್ತಿಗೆ ಅವಳಿಗೆ ಅರಿವಿಲ್ಲದೆ ಇಡೀ ಮೈ ಎಡಕ್ಕೆ ವಾಲಿತು. ಡಯಾಲಿಸಿಸ್ ಯಂತ್ರ ಕಿರುಚಿಕೊಂಡಿತು. ಸಿಸ್ಟರು ಓಡಿಬಂದು ಟ್ಯೂಬು ಸರಿಮಾಡಿ, ಅಕ್ಕನನ್ನು ಬಿಟ್ಟು ಭಾವನಿಗೆ ಬೈದರು. "ಮೇಷ್ಟ್ರಾಗಿ ನಿಮ್ಗಾದ್ರೂ ಗೊತ್ತಾಗಲ್ವಾ?" ಭಾವ ಕೈಕಟ್ಟಿಕೊಂಡು ಬೈಸಿಕೊಂಡರು. ಅಕ್ಕ ಕಣ್ಣು ಮುಚ್ಚಿ ನಿದ್ದೆ ಬಂದವಳಂತೆ ನಟಿಸುತ್ತಿದ್ದಳು, ತುಟಿಯ ಕೊನೆಯಲ್ಲಿ ನಗುವಿತ್ತು.

ಅದಾಗಿ ಈಗ ತಿಂಗಳುಗಳೇ ಕಳೆದಿವೆ. ಆಟದಿಂದ ಕಾಯಿಲೆಯೇನೂ ಇಳಿಯಲಿಲ್ಲ. ಕೆಲವು ದಿನ ಅಕ್ಕ ಒಂದಾದ ಮೇಲೊಂದು ರೇಸು ಓಡಿಸುತ್ತಾಳೆ. ಕೆಲವು ದಿನ ಬಿಪಿ ಇಳಿದು ಕಾಲು ಸೆಳೆಯುತ್ತದೆ. ಆಗ ನಾನು ಆಟವನ್ನು ಇದ್ದಲ್ಲೇ ಉಳಿಸಿಟ್ಟು ಅವಳ ಕಾಲು ಒತ್ತುತ್ತೇನೆ. ಮುಂದಿನ ಸಲ ಅದೇ ತಿರುವಿನಿಂದ ಹೊರಡಬಹುದು. ಭಾವ ರಜೆಯ ದಿನ ಪಕ್ಕದಲ್ಲಿ ಕೂತು ಎರಡನೆಯ ಕಾರು ಓಡಿಸಲು ಕಲಿಯುತ್ತಿದ್ದಾರೆ. ಅವರು ಪ್ರತಿ ತಿರುವಿನಲ್ಲೂ ಬ್ರೇಕು ಒತ್ತುತ್ತಾರೆ. "ರೀ, ರಸ್ತೇಲಿ ಯಾರೂ ಇಲ್ಲ, ಯಾರಿಗೋಸ್ಕರ ನಿಲ್ಲಿಸ್ತಿದೀರ?" ಎಂದು ಅಕ್ಕ ರೇಗುತ್ತಾಳೆ.

ಫೋಟೋಗಳು ಬರಲಿಲ್ಲ. ನೆಂಟರ ಫೋನುಗಳಲ್ಲಿ ಇದ್ದ ಕೆಲವನ್ನು ಕೇಳಿ ತರಿಸಿಕೊಂಡೆವು. ಹೆಚ್ಚಿನವುಗಳಲ್ಲಿ ಅಕ್ಕ ಯಾರದೋ ಮದುವೆಯ ಗುಂಪಿನಲ್ಲಿ ಹಿಂದಿನ ಸಾಲಿನಲ್ಲಿದ್ದಾಳೆ. ಬೀಗ ಬಿದ್ದ ಲ್ಯಾಪ್‌ಟಾಪನ್ನು ಭಾವ ಎಸೆದಿಲ್ಲ, ಯಾವತ್ತಾದರೂ ಯಾರಾದರೂ ತೆಗೆಯುವ ದಾರಿ ಕಂಡುಹಿಡಿಯಬಹುದು ಎಂದು ಬೀರುವಿನಲ್ಲಿ ಇಟ್ಟಿದ್ದಾರೆ. ನನಗೆ ಆ ನಂಬಿಕೆಯಿಲ್ಲ. ಅವರ ಮುಂದೆ ಅದನ್ನು ಹೇಳಲು ಹೋಗುವುದಿಲ್ಲ.

ಹೋದ ವಾರ ಮೇಜು ಎಳೆದು ಲ್ಯಾಪ್‌ಟಾಪ್ ತೆರೆಯುತ್ತಿದ್ದಾಗ ಅಕ್ಕ ತಡೆದಳು.

"ಇವತ್ತು ಬೇಡ ಕಣೇ. ಕೈ ಎತ್ತಕ್ಕೆ ಆಗ್ತಿಲ್ಲ. ನೀನು ಆಡು, ನಾನು ನೋಡ್ತೀನಿ."

"ನೋಡೋದು ಬೇಜಾರು ಅಂತಿದ್ಯಲ್ಲ?"

"ನೀನು ಆಡೋದು ನೋಡಕ್ಕೆ ಬೇಜಾರಿಲ್ಲ."

ಬೆಳಗಿನಿಂದ ಎರಡು ತರಗತಿ ಮಾಡಿ ಬಂದಿದ್ದೆ, ನನ್ನ ಕಣ್ಣೂ ಎಳೆಯುತ್ತಿತ್ತು. ಆದರೂ ಒಂದು ರೇಸು ಓಡಿಸಿದೆ. ನನ್ನ ಕಾರು ಎಲ್ಲರಿಗಿಂತ ಹಿಂದೆ ಬಂತು. ತಿರುಗಿ ನೋಡಿದರೆ ಅಕ್ಕನಿಗೆ ನಿದ್ದೆ ಹತ್ತಿತ್ತು, ನಿಜವಾದ ನಿದ್ದೆ. ಶಬ್ದ ಕಮ್ಮಿ ಮಾಡಿ, ಭಾವನ ಬಸ್ಸು ಬರುವವರೆಗೆ ಅಲ್ಲೇ ಕೂತೆ.